ಗುಲಗಂಜಿ ಹುಳು, ಜೇಡ, ಟುಲಿಪ್: 1943ರ ಜಪಾನಿನ 16 ನಿಮಿಷಗಳ ಕಿರುಚಿತ್ರ (ಶೀರ್ಷಿಕೆ ತಿದ್ದಲಾಗಿದೆ)

ಹಳೆಯ ರೀಲು

ಭಾನುವಾರ ಊಟ ಮುಗಿಸಿ ಮಲಗಬೇಕಾಗಿದ್ದವನು ಮಲಗದೆ ‘ಕುಮೊ ತೊ ಚೂರಿಪ್ಪು’ ನೋಡುತ್ತ ಕುಳಿತೆ. ‘ಜೇಡ ಮತ್ತು ಟುಲಿಪ್’ ಎಂದರ್ಥ. ಕೆಂಜೋ ಮಸಾಓಕಾ ನಿರ್ದೇಶಿಸಿದ, ಶೋಚಿಕು ಸಂಸ್ಥೆ 1943ರ ಏಪ್ರಿಲ್‌ನಲ್ಲಿ ಬಿಡುಗಡೆ ಮಾಡಿದ ಕಪ್ಪುಬಿಳುಪು ಅನಿಮೇಷನ್ ಚಿತ್ರ. ಅಂದಿನಿಂದ ಮೂರು ಸಲ ನೋಡಿದ್ದೇನೆ. ನಾಲ್ಕನೆಯ ಸಲಕ್ಕೆ ಮುಂಚೆ ನಿಮ್ಮೊಂದಿಗೆ ಮಾತನಾಡಬೇಕೆನಿಸಿತು.

ಕಥೆ ಅಂಗೈಯಷ್ಟೇ. ಹೂಗಳ ನಡುವೆ ಒಂದು ಪುಟ್ಟ ಲೇಡಿಬಗ್ ಹಾಡಿಕೊಂಡು ತಿರುಗುತ್ತಿದೆ. ಮುಖ ಎಳೆಯ ಹುಡುಗಿಯದು, ಬೆನ್ನಿಗೆ ಚುಕ್ಕೆಗಳ ರೆಕ್ಕೆ. ಮೇಲೆ ಬಲೆಯಲ್ಲಿ ಜೇಡ. ಅವನ ತಲೆಯ ಮೇಲೆ ಚಪ್ಪಟೆ ಹುಲ್ಲುಟೋಪಿ, ಕೊರಳಿಗೆ ಶಾಲು, ಬಾಯಲ್ಲಿ ಪೈಪು. ಬಾ, ನನ್ನ ತೂಗುಮಂಚದಲ್ಲಿ ಆಡು ಎಂದು ಹಾಡುತ್ತಲೇ ಕರೆಯುತ್ತಾನೆ. ಅವಳು ಒಲ್ಲೆ ಎನ್ನುತ್ತಾಳೆ, ಅವನು ಬೆನ್ನಟ್ಟುತ್ತಾನೆ. ಟುಲಿಪ್ ಹೂವೊಂದು ಅವಳನ್ನು ಒಳಗೆ ಕರೆದುಕೊಂಡು ಎಸಳು ಮುಚ್ಚಿಬಿಡುತ್ತದೆ. ಜೇಡ ಬಿಡುವವನಲ್ಲ, ಹೂವಿನ ಸುತ್ತ ನೂಲು ಸುತ್ತಿ ಬಾಗಿಲು ಹಾಕುತ್ತಾನೆ. ಅಷ್ಟರಲ್ಲಿ ಬಿರುಗಾಳಿ ಬರುತ್ತದೆ. ಜೇಡ ಅದಕ್ಕೆ ಸಿಕ್ಕಿ ಕೊಚ್ಚಿಹೋಗುತ್ತಾನೆ. ಬೆಳಗಾದ ಮೇಲೆ ಅವಳು ಹೊರಬಂದು ಮತ್ತೆ ಹಾಡುತ್ತಾಳೆ.

ಇಷ್ಟನ್ನು ಯಾವ ಅಜ್ಜಿಯಾದರೂ ಹೇಳಿಯಾಳು. ನನ್ನನ್ನು ಹಿಡಿದು ನಿಲ್ಲಿಸಿದ್ದು ಮಳೆ. ಮೊದಲು ಹುಲ್ಲು ಒಂದೇ ದಿಕ್ಕಿಗೆ ಬಾಗುತ್ತದೆ. ಬೆಳಕು ಕುಗ್ಗುತ್ತದೆ. ಆಮೇಲೆ ಎಷ್ಟೋ ಹೊತ್ತು ಮಾತೂ ಇಲ್ಲ, ಹಾಡೂ ಇಲ್ಲ, ಬರೀ ಗಾಳಿ, ನೀರು, ಮಿಂಚು. ಮಕ್ಕಳ ಚಿತ್ರದಲ್ಲಿ ಕಥೆಯನ್ನು ಪಕ್ಕಕ್ಕಿಟ್ಟು ಇಷ್ಟು ಹೊತ್ತು ಮಳೆ ಸುರಿಸುವ ಧೈರ್ಯ ಯಾರಿಗಿತ್ತು?

ಅದೂ ಯಾವ ವರ್ಷದಲ್ಲಿ! ಇದಕ್ಕೆ ಒಂದು ತಿಂಗಳೂ ಮೊದಲಲ್ಲ, 1943ರ ಮಾರ್ಚ್ ಕೊನೆಯಲ್ಲಿ, ಮಸಾಓಕಾರ ಶಿಷ್ಯ ಮಿತ್ಸುಯೋ ಸೆಯೋ ಅವರ ಮೊಮೊತಾರೋ ಚಿತ್ರ ಬಂದಿತ್ತು. ಮೊಮೊತಾರೋ ಎಂದರೆ ಜಪಾನಿ ಜನಪದ ಕಥೆಯ ವೀರ ಬಾಲಕ. ನೌಕಾಪಡೆಯ ಬೆಂಬಲದಿಂದ ತಯಾರಾದದ್ದು. ಮಂಗ, ನಾಯಿ, ಪಕ್ಷಿಗಳು ವಿಮಾನವೇರಿ ಹೋಗಿ ಪರ್ಲ್ ಹಾರ್ಬರಿನಂಥ ಬಂದರಿಗೆ ಬಾಂಬು ಹಾಕುವ ಕಥೆ. ಅದರ ಪಕ್ಕದಲ್ಲೇ ಹೂದೋಟದ ಈ ಚಿತ್ರ. ಇದರಲ್ಲಿ ಒಂದು ಬಾವುಟವೂ ಇಲ್ಲ, ಒಬ್ಬ ಸೈನಿಕನೂ ಇಲ್ಲ. ಯುದ್ಧಕ್ಕೆ ಬೆನ್ನು ತಿರುಗಿಸಿ ಮಾಡಿದ ಚಿತ್ರ ಇದು ಎಂದು ನನಗೆ ಅನಿಸುತ್ತದೆ. ನೋಡಿದವರು ಏನೆನ್ನುತ್ತೀರಿ?

ದುಂಬಿ

ಚರ್ಚೆಗೆ ಮೊದಲೇ ಒಂದು ತಕರಾರು. ಲೇಡಿಬಗ್ ಏಕೆ ಸ್ವಾಮಿ? ಕೃಷಿ ಪುಸ್ತಕಗಳಲ್ಲಿ, ನಮ್ಮ ರೈತರ ಬಾಯಲ್ಲಿ ಅದು ಗುಲಗಂಜಿ ಹುಳು. ಕೆಂಪು ಮೈ, ಕಪ್ಪು ಚುಕ್ಕೆ. ಇದಕ್ಕಿಂತ ಒಪ್ಪುವ ಹೆಸರು ಬೇಕೇ?

ಇನ್ನೊಂದು ವಿಷಯ. ಈ ಹುಳು ಚಿತ್ರದಲ್ಲಿ ಕಾಣುವಷ್ಟು ಮುಗ್ಧೆಯಲ್ಲ. ಗಿಡದ ಹೇನುಗಳನ್ನು ಕಂಡಲ್ಲಿ ಮುಗಿಸುವ ಬೇಟೆಗಾರ್ತಿ. ಹಿಟ್ಟು ತಿಗಣೆಯ ಕಾಟಕ್ಕೆ ದ್ರಾಕ್ಷಿ ಬೆಳೆಗಾರರು ಇದರ ಜಾತಿಯದೇ ಒಂದು ಹುಳುವನ್ನು ದುಡ್ಡು ಕೊಟ್ಟು ತಂದು ತೋಟಕ್ಕೆ ಬಿಡುತ್ತಾರೆ. ಹಿಡಿದರೆ ಕಾಲಿನ ಸಂದುಗಳಿಂದ ಹಳದಿ ಬಣ್ಣದ ಕಹಿ ರಸ ಒಸರುತ್ತದೆ. ಅನೇಕ ಜೇಡಗಳು ಅದರ ತಂಟೆಗೇ ಹೋಗುವುದಿಲ್ಲ. ಹಾಗಾಗಿ ಟೋಪಿ ಹಾಕಿದ ಈ ಮಹಾಶಯನಿಗೆ ಇದ್ದದ್ದು ಹೊಟ್ಟೆಯ ಹಸಿವಲ್ಲ ಎಂಬುದು ನನ್ನ ಅನುಮಾನ.

ಪುಟ್ಟಿಯ ಅಪ್ಪ

ದುಂಬಿಯವರು ತಮಾಷೆಗೆ ಹೇಳಿದ್ದನ್ನು ನಾನು ಗಂಭೀರವಾಗಿಯೇ ಹೇಳುತ್ತೇನೆ. ಆರು ವರ್ಷದ ಮಗಳನ್ನು ಪಕ್ಕದಲ್ಲಿ ಕೂರಿಸಿಕೊಂಡು ಚಿತ್ರ ಶುರು ಮಾಡಿದೆ. ಜೇಡ ಮೊದಲ ಸಲ ಕರೆಯುವಾಗ ನಗುತ್ತಿದ್ದಳು. ಅವನು ದನಿ ಬದಲಿಸಿ ಎರಡನೆಯ ಸಲ ಕರೆದಾಗ ನನ್ನ ತೋಳು ಹಿಡಿದುಕೊಂಡಳು. ಒಬ್ಬ ದೊಡ್ಡ ಗಂಡಸು ಒಂಟಿ ಹುಡುಗಿಯನ್ನು ನಯವಾಗಿ ಕರೆಯುತ್ತಿದ್ದಾನೆ, ಅವಳು ಬೇಡ ಎಂದರೂ ಕೇಳುತ್ತಿಲ್ಲ. ಹುಳುಗಳ ವೇಷ ತೆಗೆದರೆ ಉಳಿಯುವುದು ಇದೇ. ನಾನು ಅಲ್ಲಿಗೇ ನಿಲ್ಲಿಸಿ, ಮಗಳು ಮಲಗಿದ ಮೇಲೆ ಉಳಿದದ್ದನ್ನು ಒಬ್ಬನೇ ನೋಡಿದೆ.

ಕಪ್ಪುಬಿಳುಪು

ಹಳೆಯ ರೀಲು ಅವರೇ, ನಿಮ್ಮ ಮಳೆಗೆ ನನ್ನ ಆಕ್ಷೇಪವಿಲ್ಲ. ಆದರೆ ಟೋಪಿ, ಶಾಲು, ಪೈಪು ಎಂದು ಪಟ್ಟಿ ಮಾಡುತ್ತ ಬಂದವರು ಅವನ ಮುಖದ ಬಗ್ಗೆ ಒಂದು ಮಾತೂ ಹೇಳಲಿಲ್ಲವಲ್ಲ? ಆ ಮುಖ ಕಪ್ಪು. ಬರೀ ಜೇಡದ ಕಪ್ಪಲ್ಲ. ಅಮೆರಿಕದಲ್ಲಿ ಬಿಳಿಯ ನಟರು ಮುಖಕ್ಕೆ ಮಸಿ ಬಳಿದುಕೊಂಡು ಕರಿಯರನ್ನು ಅಣಕಿಸಿ ಹಾಡುತ್ತಿದ್ದ ರಂಗಪ್ರದರ್ಶನಗಳಿದ್ದವು. ಆ ಹುಲ್ಲುಟೋಪಿ, ಆ ದೊಡ್ಡ ತುಟಿ, ಹಾಡಿ ಮರುಳು ಮಾಡುವ ಆ ಶೈಲಿ, ಎಲ್ಲವೂ ಆ ವೇಷದಿಂದಲೇ ಬಂದಂತಿವೆ. ಎದುರಿಗೆ ದುಂಡು ಮುಖದ, ಬೆಳ್ಳಗಿನ, ಜಪಾನಿ ಮಗುವಿನಂತಿರುವ ಹುಡುಗಿ. ಕಪ್ಪು ಮುಖದ ಹೊರಗಿನವನು ಬಿಳಿ ಮುಖದ ನಮ್ಮ ಹುಡುಗಿಯನ್ನು ಬಲೆಗೆ ಕೆಡವಲು ಹೊಂಚುತ್ತಾನೆ. ನಡುವೆ ದೇವರಂತೆ ಬಂದ ಬಿರುಗಾಳಿ ಅವನನ್ನು ಗುಡಿಸಿ ಹಾಕುತ್ತದೆ. 1943ರಲ್ಲಿ ಜಪಾನಿನ ಸೇನೆ ಆಗ್ನೇಯ ಏಷ್ಯಾದಲ್ಲೂ ಪೆಸಿಫಿಕ್ ದ್ವೀಪಗಳಲ್ಲೂ ಬೀಡುಬಿಟ್ಟಿತ್ತು. ಇಂಥ ಹೊತ್ತಿನಲ್ಲಿ ಯುದ್ಧಕ್ಕೆ ಬೆನ್ನು ತಿರುಗಿಸಿದ ಚಿತ್ರ ಎನ್ನುವುದು ಅವಸರದ ಮಾತು. ಗುಲಗಂಜಿಯ ಕೆಂಪನ್ನು ಮೆಚ್ಚುವವರು ಅದರ ಕಪ್ಪನ್ನೂ ನೋಡಬೇಕು.

ಹಳೆಯ ರೀಲು

ಪಟ್ಟಿಯಲ್ಲಿ ಮುಖ ಬಿಟ್ಟದ್ದು ನಿಜ. ಕಂಡಿರಲಿಲ್ಲ ಎಂದರೆ ಸುಳ್ಳಾಗುತ್ತದೆ. ಕಂಡಿತ್ತು, ದಾಟಿಕೊಂಡು ಮುಂದೆ ಹೋಗಿದ್ದೆ.

ಆದರೂ ಒಂದು ಪ್ರಶ್ನೆ. ಆ ಟೋಪಿ, ಪೈಪುಗಳನ್ನು ಇನ್ನೊಂದು ಬಗೆಯಲ್ಲೂ ಓದಬಹುದಲ್ಲವೇ? ಪಾಶ್ಚಾತ್ಯ ಷೋಕಿಯವನು, ಅಂದರೆ ಶತ್ರು ದೇಶದವನು ಎಂದು?

ಕಪ್ಪುಬಿಳುಪು

ಓದಬಹುದು, ಓದಿದವರೂ ಇದ್ದಾರೆ. ಅವನು ಅಮೆರಿಕದವನು ಎನ್ನುವವರಿದ್ದಾರೆ, ದಕ್ಷಿಣದ ದ್ವೀಪವಾಸಿ ಎನ್ನುವವರಿದ್ದಾರೆ. ಬರೀ ಹಾಲಿವುಡ್ ಕಾರ್ಟೂನುಗಳಿಂದ ಎರವಲು ತಂದ ಖಳನ ಅಚ್ಚು, ಅದಕ್ಕಿಂತ ಹೆಚ್ಚೇನಿಲ್ಲ ಎನ್ನುವವರೂ ಇದ್ದಾರೆ. ಮೂರರಲ್ಲಿ ಯಾವುದನ್ನು ಹಿಡಿದರೂ ಚಿತ್ರ ಹೂದೋಟದೊಳಗೇ ಉಳಿಯುವುದಿಲ್ಲ. ನನ್ನ ವಾದ ಅಷ್ಟೇ.

ಗೆರೆ

ನಾನು ಅನಿಮೇಷನ್ ಸ್ಟುಡಿಯೋ ಒಂದರಲ್ಲಿ ಚಿತ್ರ ಬಿಡಿಸಿ ಹೊಟ್ಟೆ ಹೊರೆಯುವವಳು. ಅರ್ಥದ ಜಗಳ ನಿಮ್ಮಲ್ಲೇ ಇರಲಿ, ನನಗೆ ಕೈಕೆಲಸದ ಬಗ್ಗೆ ಹೇಳುವುದಿದೆ.

ಮೊದಲು ಲೆಕ್ಕ. ಮಾತಿನ ಚಿತ್ರಕ್ಕೆ ಸೆಕೆಂಡಿಗೆ 24 ಚೌಕಟ್ಟು. 16 ನಿಮಿಷಕ್ಕೆ 23,040. ಒಂದೊಂದು ಚಿತ್ರವನ್ನು ಎರಡೆರಡು ಚೌಕಟ್ಟಿಗೆ ಹಿಡಿದರೂ ಹನ್ನೊಂದು ಸಾವಿರ ದಾಟುತ್ತದೆ. ಇಷ್ಟೂ ಕೈಯಿಂದ, ಪಾರದರ್ಶಕ ಸೆಲ್ ಹಾಳೆಗಳ ಮೇಲೆ. ಜಪಾನಿನಲ್ಲಿ ಆ ಹಾಳೆಗೆ ಚಿನ್ನದ ಬೆಲೆ. 1920ರ ದಶಕದಲ್ಲಿ ಅಲ್ಲಿನವರು ಹೆಚ್ಚಾಗಿ ಮಾಡುತ್ತಿದ್ದದ್ದು ಕಾಗದ ಕತ್ತರಿಸಿ, ತುಂಡುಗಳನ್ನು ಸರಿಸಿ ಸರಿಸಿ ಚಿತ್ರೀಕರಿಸುವ ಕೆಲಸ. ಯಾಸುಜಿ ಮುರಾಟಾ ಅದರಲ್ಲಿ ನಿಸ್ಸೀಮ. ಸೆಲ್ ಸಿಕ್ಕ ಮೇಲೂ ಒಮ್ಮೆ ಬಳಸಿದ್ದನ್ನು ತೊಳೆದು, ಒರೆಸಿ, ಅದರ ಮೇಲೇ ಮುಂದಿನ ಚಿತ್ರ ಬರೆಯುತ್ತಿದ್ದರು. ನಾವು ಈಗ ಒಂದು ಗುಂಡಿ ಒತ್ತಿ ಅಳಿಸುತ್ತೇವೆ, ಅವರು ಬಟ್ಟೆ ತೊಳೆದ ಹಾಗೆ ತೊಳೆಯುತ್ತಿದ್ದರು. ಯುದ್ಧ ಶುರುವಾದ ಮೇಲೆ ಕಚ್ಚಾ ಫಿಲ್ಮಿಗೂ ಸರ್ಕಾರದ ಹಿಡಿತ ಬಂತು. ಫಿಲ್ಮಿನ ಮೂಲವಸ್ತು ನೈಟ್ರೋಸೆಲ್ಯುಲೋಸ್, ಮದ್ದುಗುಂಡಿಗೂ ಬೇಕಾದ ಸರಕು.

ಈಗ ಮಳೆ. ಮಳೆ ಬರೆಯುವವರು ಸಾಮಾನ್ಯವಾಗಿ ಓರೆಗೆರೆಗಳ ನಾಲ್ಕಾರು ಹಾಳೆ ಮಾಡಿಕೊಂಡು ಅವನ್ನೇ ತಿರುಗಿಸುತ್ತಾರೆ. ನಾನೂ ಹಾಗೆ ಮಾಡಿದ್ದೇನೆ, ಸಂಬಳ ಬಂದಿದೆ. ಆದರೆ ಕಣ್ಣು ಕಳ್ಳತನ ಹಿಡಿಯುತ್ತದೆ. ಮೂರು ಸೆಕೆಂಡಿನಲ್ಲಿ ಅದು ಮಳೆಯಲ್ಲ, ಗೋಡೆಕಾಗದದ ವಿನ್ಯಾಸ ಎಂದು ಗೊತ್ತಾಗಿಬಿಡುತ್ತದೆ. ಮಸಾಓಕಾ ಹನಿಗಳನ್ನಷ್ಟೇ ನೆಚ್ಚಿಕೊಂಡಿಲ್ಲ. ಹುಲ್ಲಿನ ಎಸಳು ಬಾಗಿ, ಮತ್ತೆ ಏಳುವಷ್ಟರಲ್ಲಿ ಇನ್ನೊಂದು ಹೊಡೆತ. ಸಡಿಲವಾಗಿದ್ದ ನೂಲು ಗಾಳಿಗೆ ಬಿಗಿದುಕೊಳ್ಳುತ್ತದೆ. ಟುಲಿಪ್ಪಿಗೆ ಕಾಂಡ ಉದ್ದ, ತಲೆ ಭಾರ, ಹಾಗಾಗಿ ಅದು ಹುಲ್ಲಿನಂತೆ ಬಾಗದೆ ಬುಡದಿಂದ ತೂಗುತ್ತದೆ. ಒಂದೊಂದಕ್ಕೂ ಒಂದೊಂದು ತೂಕ. ಆ ತೂಕ ಸಿಕ್ಕಿರುವುದರಿಂದಲೇ ನೋಡುವವರ ಮೈ ಒದ್ದೆಯಾಗುತ್ತದೆ.

ಈತ ಎಳೆಯ ವಯಸ್ಸಿನಲ್ಲಿ ಕ್ಯೋಟೋದಲ್ಲಿ ಚಿತ್ರಕಲೆ ಕಲಿತವರು. ಹಿನ್ನೆಲೆಯ ಹೂಗಳ ನೆರಳು, ಬೆಳಕು ನೋಡಿದರೆ ಅದು ಗೊತ್ತಾಗುತ್ತದೆ. ಜಪಾನಿಯರು ಅನಿಮೇಷನ್ ಚಿತ್ರಕ್ಕೆ ಬಳಸಿದ ‘ದೋಗಾ’, ಅಂದರೆ ಚಲಿಸುವ ಚಿತ್ರ, ಎಂಬ ಪದವನ್ನು ಬಳಕೆಗೆ ತಂದವರೂ ಇವರೇ. ಅಲ್ಲಿಯತನಕ ‘ಮಾಂಗಾ ಸಿನಿಮಾ’ ಎನ್ನುತ್ತಿದ್ದರು.

ದುಂಬಿ

ಗೆರೆ ಅವರೇ, ಟುಲಿಪ್ಪಿನ ತಲೆಭಾರದ ಮಾತು ಓದಿ ಮತ್ತೆ ಹಾಕಿಕೊಂಡು ನೋಡಿದೆ. ನಿಜ. ಹೂವು ಮುಚ್ಚುವುದೂ ಸುಳ್ಳಲ್ಲ. ಟುಲಿಪ್ ಬಿಸಿಲಿಗೆ ಅರಳಿ, ತಂಪು ಏರಿದರೆ, ಬೆಳಕು ತಗ್ಗಿದರೆ ಎಸಳು ಕೂಡಿಸಿಕೊಳ್ಳುತ್ತದೆ. ಯಾರೋ ತೋಟದಲ್ಲಿ ಕುಕ್ಕರುಗಾಲಿನಲ್ಲಿ ಕುಳಿತು ನೋಡಿಯೇ ಬರೆದಿದ್ದಾರೆ.

ಪುಟ್ಟಿಯ ಅಪ್ಪ

ಡಿಸ್ನಿಯವರ ಹಳೆಯ ಗಾಳಿಗಿರಣಿಯ ಕಿರುಚಿತ್ರದಲ್ಲಿ ಇಂಥದೇ ಬಿರುಗಾಳಿ ಇದೆಯಲ್ಲ? ಅದು 1937ರದು. ನಕಲು ಎನ್ನುತ್ತಿಲ್ಲ, ಕೇಳುತ್ತಿದ್ದೇನೆ ಅಷ್ಟೇ.

ಗೆರೆ

ಕೇಳಬೇಕಾದ ಪ್ರಶ್ನೆಯೇ. 1930ರ ದಶಕದಲ್ಲಿ ಡಿಸ್ನಿ ಚಿತ್ರಗಳು, ಪಾಪಾಯ್, ಬೆಟ್ಟಿ ಬೂಪ್ ಎಲ್ಲ ಜಪಾನಿನ ಚಿತ್ರಮಂದಿರಗಳಲ್ಲಿ ಓಡುತ್ತಿದ್ದವು. ಸ್ಥಳೀಯರು ಅವುಗಳ ಎದುರು ಬದುಕಬೇಕಿತ್ತು. ಆಳ ತೋರಿಸಲು ಚಿತ್ರದ ಪದರಗಳನ್ನು ಒಂದರ ಕೆಳಗೊಂದು ಗಾಜಿನ ಮೇಲಿಟ್ಟು ಹಿಡಿಯುವ ಬಹುಪದರ ಕ್ಯಾಮೆರಾವನ್ನು ಡಿಸ್ನಿಯವರು ಆ ಗಾಳಿಗಿರಣಿಗೆ ಬಳಸಿದ್ದರು. ಜಪಾನಿನಲ್ಲಿ ತಾದಾಹಿತೋ ಮೊಚಿನಾಗಾ ಅಂಥದ್ದನ್ನು ತಾವೇ ಕಟ್ಟಿಕೊಂಡು 1941ರಲ್ಲಿ ‘ಆರಿಚಾನ್’ ಎಂಬ ಪುಟ್ಟ ಇರುವೆಯ ಚಿತ್ರಕ್ಕೆ ಬಳಸಿದರು. ಅದರ ನಿರ್ದೇಶಕರೂ ಸೆಯೋ ಅವರೇ. ಅಂದರೆ ಇರುವೆಯ ಕಥೆ ಹೇಳಿದ ಕೈಯೇ ಎರಡು ವರ್ಷಕ್ಕೆ ಬಾಂಬಿನ ಕಥೆ ಹೇಳಿತು. ಅದೇ ಕಾಲ, ಅದೇ ಜನ. ಕಪ್ಪುಬಿಳುಪು ಅವರ ಮಾತಿಗೆ ಇದು ಸ್ವಲ್ಪ ಬಲ ಕೊಡುತ್ತದೆ ಎಂದು ಒಪ್ಪುತ್ತೇನೆ.

ಕಪ್ಪುಬಿಳುಪು

ಬಲ ಬೇಕಾದರೆ ಇನ್ನೂ ಇದೆ. 1945ರ ಏಪ್ರಿಲ್‌ನಲ್ಲಿ ಸೆಯೋ ಅವರ ಎರಡನೆಯ ಮೊಮೊತಾರೋ ಚಿತ್ರ ಬಂತು. 74 ನಿಮಿಷ, ಜಪಾನಿನ ಮೊದಲ ಪೂರ್ಣಪ್ರಮಾಣದ ಅನಿಮೇಷನ್ ಚಿತ್ರ. ಪ್ಯಾರಾಶೂಟಿನಲ್ಲಿ ಇಳಿಯುವ ಪ್ರಾಣಿ ಸೈನಿಕರು. ಅದರಲ್ಲಿ ನೆರಳಿನ ಚಿತ್ರಗಳ ಭಾಗ ಮಾಡಿದ್ದು ನಮ್ಮ ಮಸಾಓಕಾ ಅವರೇ. ಬೆನ್ನು ತಿರುಗಿಸಿದವರು ಮತ್ತೆ ಮುಖ ತಿರುಗಿಸಿದಂತಾಯಿತಲ್ಲ?

ಹಳೆಯ ರೀಲು

ಆಯಿತು. ‘ಬೆನ್ನು ತಿರುಗಿಸಿ’ ಎಂದದ್ದನ್ನು ವಾಪಸು ಪಡೆಯುತ್ತೇನೆ. 1939ರ ಚಲನಚಿತ್ರ ಕಾಯ್ದೆ ಬಂದ ಮೇಲೆ ಕಥೆಯನ್ನೂ ಸರ್ಕಾರದ ಮುಂದಿಟ್ಟು ಒಪ್ಪಿಗೆ ಪಡೆಯಬೇಕಿತ್ತು, ಯಾರೂ ಕದ್ದುಮುಚ್ಚಿ ಚಿತ್ರ ಮಾಡುವ ಹಾಗಿರಲಿಲ್ಲ ಎಂಬುದನ್ನೂ ನಾನು ನೆನೆಯಬೇಕಿತ್ತು. ಆದರೆ ಇಷ್ಟನ್ನು ಮಾತ್ರ ಬಿಟ್ಟುಕೊಡಲಾರೆ: ಮೊಮೊತಾರೋ ಚಿತ್ರಗಳಲ್ಲಿ ಶತ್ರುವನ್ನು ಗೆಲ್ಲುವುದು ಶಿಸ್ತು, ನಾಯಕ, ದಳ. ಇಲ್ಲಿ ಜೇಡನನ್ನು ಯಾರೂ ಸೋಲಿಸುವುದಿಲ್ಲ. ಹುಡುಗಿ ಹೊಡೆಯುವುದಿಲ್ಲ, ಟುಲಿಪ್ ಅಡಗಿಸಿಕೊಳ್ಳುತ್ತದೆಯೇ ಹೊರತು ತಿರುಗಿಬೀಳುವುದಿಲ್ಲ. ಬಿರುಗಾಳಿಗೆ ಜೇಡನ ಮೇಲೆ ಪ್ರತ್ಯೇಕ ಸಿಟ್ಟೂ ಇಲ್ಲ. ಅದು ಹುಲ್ಲನ್ನೂ ಹೊಡೆಯುತ್ತದೆ, ಹೂವನ್ನೂ ಹೊಡೆಯುತ್ತದೆ. ಕಡೆಕಡೆಗೆ ಅವನು ಹುಲ್ಲಿಗೆ ಜೋತುಬಿದ್ದು ಒದ್ದಾಡುವಾಗ ನನಗೆ ಅವನ ಮೇಲೆ ಅಯ್ಯೋ ಎನಿಸಿತು. ಶತ್ರುವಿನ ಮೇಲೆ ಅಯ್ಯೋ ಎನಿಸುವಂತೆ ಮಾಡುವುದು ಪ್ರಚಾರಚಿತ್ರದ ಜಾಣತನವಂತೂ ಅಲ್ಲ.

ಕಪ್ಪುಬಿಳುಪು

ಇದನ್ನು ಒಪ್ಪುತ್ತೇನೆ. ಅರ್ಧ.

ಕನ್ಸಾಯಿ ಕನ್ನಡಿಗ

ತಡವಾಗಿ ಬಂದೆ, ಕ್ಷಮಿಸಿ. ಒಸಾಕಾ ಹತ್ತಿರ ಇದ್ದೇನೆ, ಇಲ್ಲಿಗೆ ಬಂದು ಹನ್ನೊಂದು ವರ್ಷ. ಯಾರೂ ಹೆಸರಿನ ಬಗ್ಗೆ ಹೇಳಲಿಲ್ಲವಾದ್ದರಿಂದ ಬರೆಯುತ್ತಿದ್ದೇನೆ.

ಚಿತ್ರದ ಶೀರ್ಷಿಕೆ ಪೂರ್ತಿ ಹಿರಾಗಾನಾ ಲಿಪಿಯಲ್ಲಿದೆ. ಇಲ್ಲಿ ಮಕ್ಕಳು ಮೊದಲು ಕಲಿಯುವ ಅಕ್ಷರಗಳು ಅವು. ‘ಟುಲಿಪ್’ನಂಥ ಪರಭಾಷೆಯ ಪದವನ್ನು ಸಾಮಾನ್ಯವಾಗಿ ಕತಾಕಾನಾ ಎಂಬ ಬೇರೆ ಲಿಪಿಯಲ್ಲಿ ಬರೆಯುತ್ತಾರೆ, ಇಲ್ಲಿ ಅದನ್ನೂ ಹಿರಾಗಾನಾದಲ್ಲೇ ಬರೆದಿದ್ದಾರೆ. ಪುಟ್ಟವರು ತಾವೇ ಓದಿಕೊಳ್ಳಲಿ ಎಂಬಂತಿದೆ.

ಈಗ ‘ಕುಮೊ’. ಜಪಾನಿಯಲ್ಲಿ ಕುಮೊ ಎಂದರೆ ಜೇಡ. ಮೋಡಕ್ಕೂ ಕುಮೊ ಎನ್ನುತ್ತಾರೆ. ಚೀನೀ ಮೂಲದ ಕಾಂಜಿ ಅಕ್ಷರಗಳಲ್ಲಿ ಬರೆದರೆ ಎರಡೂ ಬೇರೆ ಬೇರೆ, ಹಿರಾಗಾನಾದಲ್ಲಿ ಬರೆದರೆ ಒಂದೇ. ‘ಮೋಡ ಮತ್ತು ಟುಲಿಪ್’ ಎಂದು ಓದಿದರೂ ತಪ್ಪಾಗುವುದಿಲ್ಲ. ಬಲೆಯ ಕುಮೊವನ್ನು ಬಾನಿನ ಕುಮೊ ಬಂದು ತೊಳೆದುಕೊಂಡು ಹೋಗುವ ಕಥೆ ನೋಡಿ ಇದು!

ಇನ್ನೂ ಒಂದಿದೆ. ನೀವು ಜಗಳವಾಡುತ್ತಿರುವ ಹುಳುವಿಗೆ ಜಪಾನಿಯಲ್ಲಿ ‘ತೆಂತೋಮುಶಿ’ ಎನ್ನುತ್ತಾರೆ. ಮುಶಿ ಎಂದರೆ ಹುಳು, ತೆಂತೋ ಎಂದರೆ ಸೂರ್ಯದೇವ. ಕಡ್ಡಿಯ ಮೇಲೆ ಬಿಟ್ಟರೆ ತುದಿಯವರೆಗೂ ಹತ್ತಿ, ಸೂರ್ಯನ ಕಡೆಗೆ ಹಾರಿಬಿಡುವುದರಿಂದ ಆ ಹೆಸರು ಬಂದಿದೆಯಂತೆ. ಮೋಡ ಕವಿದಾಗ ಸೂರ್ಯನ ಹುಳು ಹೂವಿನೊಳಗೆ ಅಡಗುತ್ತದೆ, ಮೋಡ ಕರಗಿದಾಗ ಹೊರಗೆ ಬರುತ್ತದೆ.

ಅತಿಯಾಗಿ ಎಳೆಯಬಾರದು ಎಂಬ ಎಚ್ಚರವೂ ನನಗಿದೆ. ತೋಕಿಯೋ ಕಡೆಯ ಉಚ್ಚಾರದಲ್ಲಿ ಎರಡು ಕುಮೊಗಳೂ ಒಂದೇ, ನಮ್ಮ ಒಸಾಕಾ ಕಡೆಯವರ ಬಾಯಲ್ಲಿ ದನಿಯ ಏರಿಳಿತ ಬೇರೆ. ಮಸಾಓಕಾ ಹುಟ್ಟಿದ್ದು ಒಸಾಕಾದಲ್ಲಿ. ಕಥೆಯೂ ಅವರದಲ್ಲ, ಮಿಚಿಕೋ ಯೊಕೊಯಾಮಾ ಎಂಬ ಲೇಖಕಿಯದು.

ಹಳೆಯ ರೀಲು

ಐದು ನಿಮಿಷ ಸುಮ್ಮನೆ ಕುಳಿತಿದ್ದೆ. ಶೀರ್ಷಿಕೆಯನ್ನೇ ಓದದೆ ಮೂರು ಸಲ ಚಿತ್ರ ನೋಡಿದೆನಲ್ಲ.

ಗೆರೆ

ಕನ್ಸಾಯಿ ಕನ್ನಡಿಗ ಅವರೇ, ಹಾಡುಗಳ ಬಗ್ಗೆಯೂ ಸ್ವಲ್ಪ ಹೇಳಿ. ಸಂಗೀತ ರ್ಯೂತಾರೋ ಹಿರೋತಾ ಅವರದು ಎಂದು ಓದಿದೆ.

ಕನ್ಸಾಯಿ ಕನ್ನಡಿಗ

ಹೌದು. ಇಲ್ಲಿನ ಮಕ್ಕಳು ಇಂದಿಗೂ ಶಾಲೆಯಲ್ಲಿ ಹಾಡುವ ಹಲವು ಶಿಶುಗೀತೆಗಳಿಗೆ ರಾಗ ಹಾಕಿದವರು ಅವರು. ಅದಕ್ಕೇ ಗುಲಗಂಜಿ ಹುಡುಗಿಯ ಹಾಡು ಇಲ್ಲಿಯವರಿಗೆ ಮನೆಯ ಹಾಡಿನಂತೆ ಕೇಳಿಸುತ್ತದೆ. ಜೇಡನ ಹಾಡಿನ ಧಾಟಿ ಬೇರೆ, ದೊಡ್ಡವರ ರಂಗದ ಮೇಲಿನ ಗಾಯನದ್ದು. ಮಾತು ಬಾರದವರಿಗೂ ಯಾರು ಒಳಗಿನವರು, ಯಾರು ಹೊರಗಿನವನು ಎಂದು ಕಿವಿಯೇ ಹೇಳಿಬಿಡುತ್ತದೆ. ಕಪ್ಪುಬಿಳುಪು ಅವರು ಇದನ್ನೂ ತಮ್ಮ ಲೆಕ್ಕಕ್ಕೆ ಸೇರಿಸಿಕೊಳ್ಳಬಹುದು.

ಕಪ್ಪುಬಿಳುಪು

ಸೇರಿಸಿಕೊಂಡೆ.

ಪುಟ್ಟಿಯ ಅಪ್ಪ

ಪ್ರಾಣಿಗಳಿರುವ, ಆದರೆ ರಾತ್ರಿ ನಿದ್ದೆ ಕೆಡಿಸದ ಆ ಕಾಲದ ಬೇರೆ ಚಿತ್ರಗಳಿದ್ದರೆ ಯಾರಾದರೂ ಹೇಳಿ.

ಗೆರೆ

ಮುರಾಟಾ ಅವರ 1930ರ ಬೇಸ್‌ಬಾಲ್ ಚಿತ್ರದಿಂದ ಶುರು ಮಾಡಿ. ಮೊಲಗಳ ತಂಡಕ್ಕೂ ತನುಕಿಗಳ ತಂಡಕ್ಕೂ ಪಂದ್ಯ. ಆಮೇಲೆ 1930ರ ದಶಕದ ನಡುವಿನಲ್ಲಿ ಮಸಾಓಕಾರೇ ಮಾಡಿದ ‘ಚಾಗಾಮಾ ಓಂದೊ’. ದೇವಸ್ಥಾನದಿಂದ ತೇಲಿಬರುವ ಗ್ರಾಮಫೋನ್ ಹಾಡಿಗೆ ಮರುಳಾದ ತನುಕಿಗಳು ಆ ಪೆಟ್ಟಿಗೆಯನ್ನೇ ಎಗರಿಸಲು ಹೊರಡುತ್ತವೆ. ಸೆಲ್ ಹಾಳೆಗಳ ಮೇಲೆ ಅವರ ಕೈ ಪಳಗಿದ್ದು ಇದರಲ್ಲಿ. ಇಕುವೋ ಓಯಿಶಿ ಅವರ 1933ರ ನರಿ–ತನುಕಿ ಚಿತ್ರವೂ ಇದೆ. ಸಮುರಾಯ್ ವೇಷ ತೊಟ್ಟ ನರಿ ಪಾಳುಬಿದ್ದ ದೇವಸ್ಥಾನದಲ್ಲಿ ರಾತ್ರಿ ಕಳೆಯಲು ಬರುತ್ತದೆ, ಅಲ್ಲಿನ ತನುಕಿಗಳು ಅದನ್ನು ಮಾಯಾರೂಪಗಳಿಂದ ಆಟವಾಡಿಸುತ್ತವೆ. ತನುಕಿಯನ್ನು ದಯವಿಟ್ಟು ರಕೂನ್ ಎಂದು ಹೇಳಿಕೊಡಬೇಡಿ, ಅದು ನಾಯಿಯ ಕುಲದ್ದು. ವೇಷ ಬದಲಿಸಿ ಜನರನ್ನು ಯಾಮಾರಿಸುತ್ತದೆ ಎಂದು ಜಪಾನಿ ಜನಪದ ಕಥೆಗಳು ಹೇಳುತ್ತವೆ.

ಜಪಾನಿನ ರಾಷ್ಟ್ರೀಯ ಚಲನಚಿತ್ರ ಸಂಗ್ರಹಾಲಯದವರು 2017ರಲ್ಲಿ, ಅಲ್ಲಿನ ಅನಿಮೇಷನ್ನಿಗೆ ನೂರು ವರ್ಷ ತುಂಬಿದಾಗ, ಇಂಥ ಎಷ್ಟೋ ಚಿತ್ರಗಳನ್ನು ಅಂತರ್ಜಾಲದಲ್ಲಿ ಉಚಿತವಾಗಿ ಇಟ್ಟರು. ಉಳಿದಿರುವುದೇ ಸ್ವಲ್ಪ. 1923ರ ಭೂಕಂಪ, ಆಮೇಲೆ ಬಾಂಬುಗಳ ಬೆಂಕಿ, ಅದಕ್ಕೂ ಮಿಗಿಲಾಗಿ ಅಸಡ್ಡೆ. ಮಸಾಓಕಾ 1933ರಲ್ಲಿ ಮಾಡಿದ ಜಪಾನಿನ ಮೊದಲ ಮಾತಿನ ಅನಿಮೇಷನ್ ಚಿತ್ರವೇ ಇಂದು ಇಲ್ಲ. ‘ಜೇಡ ಮತ್ತು ಟುಲಿಪ್’ ಉಳಿದದ್ದು ನಮ್ಮ ಪುಣ್ಯ. 2016ರಲ್ಲಿ ಶೋಚಿಕು ಅದನ್ನು ಎರಡನೆಯ ಮೊಮೊತಾರೋ ಚಿತ್ರದ ಜೊತೆಗೇ ಡಿಜಿಟಲ್ ಆಗಿ ದುರಸ್ತಿ ಮಾಡಿಸಿ ಒಂದೇ ಡಿಸ್ಕಿನಲ್ಲಿ ಹೊರತಂದಿತು. ಗುರುಶಿಷ್ಯರ ಹೂವು, ಬಾಂಬು ಎರಡೂ ಒಟ್ಟಿಗೆ.

ನನ್ನ ವೃತ್ತಿಯವರಿಗೆ ಮುಖ್ಯವಾದ ಇನ್ನೊಂದು ಎಳೆ ಇದೆ. ಈ ಚಿತ್ರ ನೋಡಿ ಮನಸೋತ ಹುಡುಗನೊಬ್ಬ ಯುದ್ಧ ಮುಗಿದ ಮೇಲೆ ಮಸಾಓಕಾ ಹತ್ತಿರವೇ ಕೆಲಸ ಕಲಿತ. ಹೆಸರು ಯಾಸುಜಿ ಮೋರಿ. ಮುಂದೆ ತೋಯೇ ಸ್ಟುಡಿಯೋದಲ್ಲಿ ಆಮೇಲೆ ಹೆಸರಾಂತ ಅನಿಮೇಷನ್ ನಿರ್ದೇಶಕರಾದ ಹಯಾವೋ ಮಿಯಾಜಾಕಿಯಂಥ ಎಳೆಯರು ಈ ಮೋರಿ ಅವರ ಕೈಕೆಳಗೆ ಪಳಗಿದರು. ಮಸಾಓಕಾ ಮಾತ್ರ ಕಣ್ಣು ಮಂಜಾಗಿ 1940ರ ದಶಕದ ಕೊನೆಗೇ ಅನಿಮೇಷನ್ ಬಿಡಬೇಕಾಯಿತು. ತೀರಿಕೊಂಡದ್ದು 1988ರಲ್ಲಿ, ತೊಂಬತ್ತು ತುಂಬಿದ ಮೇಲೆ.

ಪುಟ್ಟಿಯ ಅಪ್ಪ

ತನುಕಿಗಳ ಗ್ರಾಮಫೋನ್ ಕಳ್ಳತನ ನಮ್ಮ ಮನೆಯಲ್ಲಿ ನಾಲ್ಕು ಸಲ ಆಯಿತು. ನಿನ್ನೆ ಸಂಜೆ ಮಗಳು ತಾನಾಗಿಯೇ, ಆ ಜೇಡ ಏನಾದ ಎಂದು ಕೇಳಿದಳು. ಬಿಟ್ಟಿದ್ದಲ್ಲಿಂದ ಹಾಕಿದೆ. ಬಿರುಗಾಳಿ ಮುಗಿಯುವವರೆಗೂ ಮಾತಿಲ್ಲ. ಕೊನೆಯಲ್ಲಿ ಹುಡುಗಿ ಹೂವಿನಿಂದ ಹೊರಬಂದಾಗ ಕೇಳಿದ್ದು ಇಷ್ಟೇ: “ಈ ಹುಳು ಕೆಂಪು ಅಂತ ಇಲ್ಲಿ ಎಲ್ಲರೂ ಬರೆದಿದ್ದೀರಲ್ಲ, ಎಲ್ಲಿದೆ ಕೆಂಪು?” ಕಪ್ಪುಬಿಳುಪು ಚಿತ್ರ ಎಂದು ವಿವರಿಸಿದೆ. ಒಪ್ಪಲಿಲ್ಲ. ಬಣ್ಣದ ಪೆನ್ಸಿಲ್ ಹಿಡಿದು ಕುಳಿತಿದ್ದಾಳೆ. ಟುಲಿಪ್ಪಿಗೆ ಯಾವ ಬಣ್ಣ ಹಾಕಬೇಕು ಎಂದು ದುಂಬಿ ಅಂಕಲ್ ಅವರನ್ನು ಕೇಳಬೇಕಂತೆ.

ದುಂಬಿ

ಹಳದಿ ಹಾಕಲಿ, ಒಳಗಿರುವ ಹುಳು ಎದ್ದು ಕಾಣುತ್ತದೆ. ಹುಳುವಿನ ಹೆಸರೇನೆಂದು ಕೇಳಿದರೆ ಏನು ಹೇಳುತ್ತೀರಿ? ಮೇಲೆ ಶೀರ್ಷಿಕೆಯಲ್ಲಿ ಇನ್ನೂ ಲೇಡಿಬಗ್ ಎಂದೇ ಇದೆ.

ಹಳೆಯ ರೀಲು

ತಿದ್ದಿದೆ.